ಮಣಿಕಟ್ಟಿನ ಪಟ್ಟಿಯನ್ನು ಕತ್ತರಿಸಿದ ಮೇಲೂ ಟೆಂಡನ್‌ಗಳು ಎದ್ದು ಬರುವುದಿಲ್ಲ, ಯಾಕೆ?

ಮೊದಲ ವರ್ಷ, ಕಲಬುರಗಿ

ಎಲ್ಲರಿಗೂ ನಮಸ್ಕಾರ. ಕಲಬುರಗಿಯಲ್ಲಿ ಎಂಬಿಬಿಎಸ್ ಮೊದಲ ವರ್ಷ ಓದುತ್ತಿದ್ದೇನೆ. ಈಗ ಕೈ ಡಿಸೆಕ್ಷನ್ (ಶವ ಬಿಡಿಸಿ ಕಲಿಯುವುದು) ನಡೆದಿದೆ, ರೆಟಿನಾಕ್ಯುಲಂ ಹತ್ತಿರ ಬಂದು ನಿಂತಿದ್ದೇನೆ. ಮಣಿಕಟ್ಟಿನಲ್ಲೂ ಕಾಲಿನ ಹರಡಿನಲ್ಲೂ ಟೆಂಡನ್‌ಗಳನ್ನು (ಸ್ನಾಯುವನ್ನು ಮೂಳೆಗೆ ಕಟ್ಟುವ ಹುರಿಗಳು) ಮೂಳೆಗೆ ಒತ್ತಿ ಹಿಡಿಯುವ ನಾರಿನ ಪಟ್ಟಿಗಳು ಇವು. ಇವು ಇಲ್ಲದಿದ್ದರೆ ಸ್ನಾಯು ಎಳೆದಾಗ ಟೆಂಡನ್ ಬಿಲ್ಲಿನ ಹೆದೆಯ ಹಾಗೆ ಎದ್ದು ನಿಲ್ಲುತ್ತದೆ ಅಂತ ಪುಸ್ತಕ ಹೇಳುತ್ತದೆ. ಇಲ್ಲಿಯವರೆಗೆ ಅರ್ಥವಾಯಿತು.

ಆದರೆ ಕಾರ್ಪಲ್ ಟನಲ್ (ಮಣಿಕಟ್ಟಿನಲ್ಲಿ ನರ ಒತ್ತಿಕೊಳ್ಳುವ ತೊಂದರೆ) ಆಪರೇಷನ್ನಿನಲ್ಲಿ ಮಣಿಕಟ್ಟಿನ ಅಂಗೈ ಕಡೆಯ ಪಟ್ಟಿಯನ್ನು ಪೂರ್ತಿ ಕತ್ತರಿಸಿ ಬಿಡುತ್ತಾರೆ. ಮತ್ತೆ ಹೊಲಿಯುವುದೂ ಇಲ್ಲವಂತೆ. ಹಾಗಾದರೆ ಆಮೇಲೆ ಟೆಂಡನ್‌ಗಳು ಎದ್ದು ಬರಬೇಕಲ್ವಾ?

ಇನ್ನೊಂದು. ಕೈಯ ಹಿಂಬದಿಯ ಪಟ್ಟಿ ಒಂದು ಕಡೆ ಮುಂಗೈಯ ಹೆಬ್ಬೆರಳಿನ ಕಡೆಯ ರೇಡಿಯಸ್ ಮೂಳೆಗೆ ಅಂಟಿಕೊಂಡಿದೆ. ಇನ್ನೊಂದು ಕಡೆ ಕಿರುಬೆರಳಿನ ಕಡೆಯ ಅಲ್ನಾಗೆ ಅಂಟಬೇಕಿತ್ತು. ಅದನ್ನು ದಾಟಿ ಮುಂದೆ ಹೋಗಿದೆ. ಯಾಕೆ? ಉರು ಹೊಡಿ ಅಂತ ಮಾತ್ರ ಹೇಳಬೇಡಿ, ಅದನ್ನು ಕ್ಲಾಸಲ್ಲೇ ಕೇಳಿದ್ದೇನೆ.

ಡಿಸೆಕ್ಷನ್ ಹಳಬ

ಎರಡನೆಯದು ಸುಲಭ, ಅದನ್ನು ಮೊದಲು ಮುಗಿಸೋಣ.

ಬಲಗೈಯನ್ನು ಮೇಜಿನ ಮೇಲೆ ಅಂಗೈ ಮೇಲಾಗಿ ಇಡಿ. ಈಗ ಅಂಗೈ ಕೆಳಗಾಗುವ ಹಾಗೆ ತಿರುಗಿಸಿ. ತಿರುಗಿದ್ದು ರೇಡಿಯಸ್. ಅದು ಅಲ್ನಾದ ಸುತ್ತ ಸುತ್ತಿಕೊಂಡಿತು, ಹಸ್ತವೂ ಅದರ ಜೊತೆಗೇ ಹೋಯಿತು. ಅಲ್ನಾ ಹೆಚ್ಚುಕಡಿಮೆ ಇದ್ದಲ್ಲೇ ಇದೆ. ಪಟ್ಟಿಯ ಒಂದು ತುದಿ ರೇಡಿಯಸ್‌ನಲ್ಲಿ, ಇನ್ನೊಂದು ಅಲ್ನಾದಲ್ಲಿ ಇದ್ದಿದ್ದರೆ ಕೈ ತಿರುಗಿಸಿದಾಗಲೆಲ್ಲ ಪಟ್ಟಿ ಒಂದು ಕಡೆ ಬಿಗಿಯಾಗಿ ಇನ್ನೊಂದು ಕಡೆ ಸಡಿಲವಾಗುತ್ತಿತ್ತು. ಕೀಲಿ ತಿರುಗಿಸುವುದೂ ಕಷ್ಟವಾಗುತ್ತಿತ್ತು. ಅದಕ್ಕೇ ಅದು ರೇಡಿಯಸ್‌ನ ಹೊರ ಅಂಚಿನಿಂದ ಹೊರಟು, ಓರೆಯಾಗಿ ಇಳಿದು, ಅಲ್ನಾದ ತಲೆಯನ್ನು ದಾಟಿ, ಮಣಿಕಟ್ಟಿನ ಸಣ್ಣ ಮೂಳೆಗಳಾದ ಟ್ರೈಕ್ವೆಟ್ರಲ್ ಮತ್ತು ಪಿಸಿಫಾರ್ಮ್‌ಗಳಿಗೆ ಹೋಗಿ ಅಂಟುತ್ತದೆ. ಎರಡೂ ತುದಿಗಳು ಒಟ್ಟಿಗೆ ತಿರುಗುವ ಮೂಳೆಗಳಲ್ಲೇ ಇವೆ.

ಒಂದು ವಿನಾಯಿತಿ ಇದೆ, ವೈವಾದಲ್ಲಿ (ಮೌಖಿಕ ಪರೀಕ್ಷೆ) ಕೇಳುತ್ತಾರೆ. ಕಿರುಬೆರಳಿನ ಕಡೆ ಇರುವ ಎಕ್ಸ್‌ಟೆನ್ಸರ್ ಕಾರ್ಪೈ ಅಲ್ನಾರಿಸ್ ಟೆಂಡನ್ ಅಲ್ನಾದ ಗೀರಿನಲ್ಲೇ ಕೂರಬೇಕು. ದೊಡ್ಡ ಪಟ್ಟಿ ಅಲ್ನಾಗೆ ಅಂಟಿಲ್ಲವಲ್ಲ, ಹಾಗಾಗಿ ಇದಕ್ಕೆ ಪಟ್ಟಿಯ ಕೆಳಗೆ ಬೇರೆಯದೇ ಒಂದು ಸಣ್ಣ ನಾರಿನ ಕವಚ ಇದೆ. ಟೆನಿಸ್ ಆಡುವವರಲ್ಲಿ ಹರಿಯುವುದು ಈ ಕವಚ. ಆಗ ಕೈ ತಿರುಗಿಸಿದಾಗ ಟೆಂಡನ್ ಟಕ್ ಅಂತ ಜಾರುತ್ತದೆ.

ಮೊದಲ ಪ್ರಶ್ನೆಗೆ ಉತ್ತರ ಹೇಳುವ ಮುಂಚೆ ಒಂದು ಕೆಲಸ ಮಾಡಿ. ಹೆಬ್ಬೆರಳು, ಕಿರುಬೆರಳು ಎರಡರ ತುದಿಯನ್ನೂ ಕೂಡಿಸಿ ಮಣಿಕಟ್ಟನ್ನು ಒಳಕ್ಕೆ ಮಡಚಿ. ನಡುವೆ ಒಂದು ಹಗ್ಗ ಎದ್ದು ನಿಂತಿತಾ?

ಮೊದಲ ವರ್ಷ, ಕಲಬುರಗಿ

ಬಲಗೈಯಲ್ಲಿ ನಿಂತಿತು. ಎಡಗೈಯಲ್ಲಿ ಇಲ್ಲ! ಏನಾದರೂ ತೊಂದರೆಯಾ?

ಡಿಸೆಕ್ಷನ್ ಹಳಬ

ಏನೂ ಇಲ್ಲ. ಅದು ಪಾಲ್ಮಾರಿಸ್ ಲಾಂಗಸ್ ಎಂಬ ಸ್ನಾಯುವಿನ ಟೆಂಡನ್. ನೂರಕ್ಕೆ ಹತ್ತು-ಹದಿನೈದು ಜನರಿಗೆ ಅದು ಇರುವುದಿಲ್ಲ ಅಂತ ಪುಸ್ತಕಗಳು ಬರೆಯುತ್ತವೆ, ಒಂದೇ ಕೈಯಲ್ಲಿ ಇಲ್ಲದಿರುವುದೂ ಉಂಟು. ಇಲ್ಲದವರ ಕೈಗೆ ಬಲವೇನೂ ಕಡಿಮೆ ಇಲ್ಲ. ಬೇರೆ ಕಡೆ ಟೆಂಡನ್ ಹರಿದರೆ ಸರ್ಜನ್‌ಗಳು ಇದನ್ನೇ ತೆಗೆದು ಅಲ್ಲಿ ಜೋಡಿಸುತ್ತಾರೆ.

ನಾನು ತೋರಿಸಬೇಕಿದ್ದದ್ದು ಬೇರೆ. ಬೆರಳು ಮಡಚುವ ಒಂಬತ್ತು ಟೆಂಡನ್‌ಗಳು ಅದೇ ಜಾಗದಲ್ಲಿವೆ. ಅವು ಯಾವುವೂ ಹೀಗೆ ಎದ್ದು ನಿಲ್ಲಲಿಲ್ಲ. ಪಾಲ್ಮಾರಿಸ್ ಪಟ್ಟಿಯ ಮೇಲಿಂದ ಹೋಗುತ್ತದೆ, ಉಳಿದವು ಅಡಿಯಿಂದ ಹೋಗುತ್ತವೆ. ಈ ಪಟ್ಟಿಗಳ ವಿಷಯದಲ್ಲಿ ನಿಜವಾಗಿ ತಿಳಿಯಬೇಕಾದದ್ದು ಇಷ್ಟೇ: ಯಾವುದು ಮೇಲೆ, ಯಾವುದು ಕೆಳಗೆ. ಕಾಯಿಲೆಯ ಅರ್ಧ ಕತೆ ಅಲ್ಲೇ ಇದೆ.

ಫಿಜಿಯೋ ಬೀದರ್

ಆಪರೇಷನ್ ಆದವರನ್ನು ನೋಡುವವಳು ನಾನು, ಹಾಗಾಗಿ ಮೊದಲ ಪ್ರಶ್ನೆ ನನಗೆ ಬಿಡಿ.

ಟೆಂಡನ್‌ಗಳು ಎದ್ದೇ ಬರುವುದಿಲ್ಲ ಅನ್ನುವುದು ಪೂರ್ತಿ ನಿಜವಲ್ಲ. ಮಣಿಕಟ್ಟು ಒಳಕ್ಕೆ ಮಡಚಿ ಬಿಗಿಯಾಗಿ ಮುಷ್ಟಿ ಹಿಡಿದರೆ ಸ್ವಲ್ಪ ಮುಂದಕ್ಕೆ ಬರುತ್ತವೆ. ಅದಕ್ಕೇ ಮೊದಲ ಕೆಲವು ವಾರ ಆ ಥರ ಹಿಡಿಯಬೇಡಿ ಅನ್ನುತ್ತೇವೆ. ಆದರೆ ದಿನದ ಕೆಲಸದಲ್ಲಿ ನಾವು ಗಟ್ಟಿಯಾಗಿ ಹಿಡಿಯುವಾಗ ಮಣಿಕಟ್ಟು ತಾನಾಗಿಯೇ ಸ್ವಲ್ಪ ಹಿಂದಕ್ಕೆ ಬಾಗುತ್ತದೆ. ಬೇಕಾದರೆ ಒಂದು ಬಕೆಟ್ ಹಿಡಿದು ನೋಡಿ. ಆ ಸ್ಥಿತಿಯಲ್ಲಿ ಟೆಂಡನ್‌ಗಳು ಮೂಳೆಯ ಕಡೆಗೇ ಒತ್ತಿಕೊಳ್ಳುತ್ತವೆ. ಪಟ್ಟಿಯ ಅಗತ್ಯ ಅಲ್ಲಿ ಕಡಿಮೆ.

ಇನ್ನು, ಕತ್ತರಿಸಿದ ಪಟ್ಟಿ ಮಾಯವಾಗುವುದಿಲ್ಲ. ಎರಡು ಅಂಚುಗಳು ಕೆಲವು ಮಿಲಿಮೀಟರ್ ದೂರ ಸರಿಯುತ್ತವೆ, ನಡುವೆ ಗಾಯದ ನಾರು ತುಂಬುತ್ತದೆ. ಮೊದಲಿಗಿಂತ ಅಗಲವಾದ ಪಟ್ಟಿ ಸಿಗುತ್ತದೆ, ಅಡಿಯಲ್ಲಿ ಜಾಗ ಜಾಸ್ತಿಯಾಗುತ್ತದೆ. ಮೇಲೆ ಮುಂಗೈಯ ಫ್ಯಾಸಿಯಾ (ಸ್ನಾಯುಗಳನ್ನು ಸುತ್ತಿದ ನಾರಿನ ಹೊದಿಕೆ) ಹಾಗೇ ಇದೆ. ಬೆರಳುಗಳಲ್ಲಿ ಟೆಂಡನ್ ಹಿಡಿಯುವ ಬೇರೆ ನಾರಿನ ಪುಲ್ಲಿಗಳಿವೆ, ಅವನ್ನು ಯಾರೂ ಮುಟ್ಟುವುದಿಲ್ಲ.

ಜನ ದೂರುವುದು ಬೇರೆ ವಿಷಯಕ್ಕೆ. ಹಿಡಿತ ಕಡಿಮೆಯಾಗಿದೆ, ಅಂಗೈಯ ಬುಡದ ಎರಡೂ ಉಬ್ಬು ನೋಯುತ್ತವೆ ಅಂತ. ಯಾಕೆಂದರೆ ಹೆಬ್ಬೆರಳಿನ ಬುಡದ ಸ್ನಾಯುಗಳು, ಕಿರುಬೆರಳಿನ ಬುಡದ ಕೆಲವು ಸ್ನಾಯುಗಳು ಹುಟ್ಟುವುದೇ ಈ ಪಟ್ಟಿಯಿಂದ. ಅವುಗಳ ಬೇರನ್ನೇ ಸಡಿಲ ಮಾಡಿದ ಹಾಗಾಯಿತು. ಕೆಲವು ತಿಂಗಳಲ್ಲಿ ಹೆಚ್ಚಿನವರಿಗೆ ಸರಿಹೋಗುತ್ತದೆ.

ಬಿದ್ರಿ ಮನೆ

ನಾನು ಡಾಕ್ಟರೂ ಅಲ್ಲ, ಸ್ಟೂಡೆಂಟೂ ಅಲ್ಲ. ಹುಡುಕುತ್ತಾ ಇಲ್ಲಿಗೆ ಬಂದೆ. ಬೀದರಿನಲ್ಲಿ ನಮ್ಮ ಅಪ್ಪ ಬಿದ್ರಿ ಕೆಲಸ ಮಾಡುತ್ತಾರೆ. ಸತು-ತಾಮ್ರದ ಪಾತ್ರೆಯ ಮೇಲೆ ಉಳಿ ಇಟ್ಟು ಬಡಿದು ಗೆರೆ ಕೊರೆಯುವುದು, ಅದರಲ್ಲಿ ಬೆಳ್ಳಿ ತಂತಿ ಕೂರಿಸುವುದು. ಬೆಳಗಿನಿಂದ ಸಂಜೆತನಕ ಒಂದು ಕೈಯಲ್ಲಿ ಉಳಿ, ಇನ್ನೊಂದರಲ್ಲಿ ಸುತ್ತಿಗೆ.

ಈಗ ರಾತ್ರಿ ನಿದ್ದೆಯಿಂದ ಎದ್ದು ಕೈ ಝಾಡಿಸುತ್ತಾರೆ. ಹೆಬ್ಬೆರಳು, ತೋರುಬೆರಳು, ನಡುಬೆರಳು ಜುಮ್ ಅನ್ನುತ್ತವಂತೆ. ಉಂಗುರ ಬೆರಳು ಅರ್ಧ ಮಾತ್ರ, ಅದೇ ನನಗೆ ವಿಚಿತ್ರ ಅನಿಸಿದ್ದು. ಕಿರುಬೆರಳಿಗೆ ಏನೂ ಇಲ್ಲ. ಅಂಗೈಗೂ ಏನೂ ಇಲ್ಲ. ಒಬ್ಬ ಡಾಕ್ಟರು ಸುಮಾರು ದಿನ ಬರೀ ವಿಟಮಿನ್ ಗುಳಿಗೆ ಕೊಟ್ಟರು. ಇದು ಆ ಪಟ್ಟಿಯ ತೊಂದರೆಯೇನಾ?

ಡಿಸೆಕ್ಷನ್ ಹಳಬ

ನೀವು ಬರೆದದ್ದು ಪುಸ್ತಕದ ವಿವರಣೆಗಿಂತ ಚೆನ್ನಾಗಿದೆ. ನೋಡಿ, ಮಣಿಕಟ್ಟಿನ ಎಂಟು ಸಣ್ಣ ಮೂಳೆಗಳು ಸೇರಿ ಒಂದು ಕಮಾನು ಮಾಡುತ್ತವೆ. ಕಿರುಬೆರಳಿನ ಕಡೆ ಪಿಸಿಫಾರ್ಮ್ ಮತ್ತು ಹ್ಯಾಮೇಟ್‌ನ ಕೊಕ್ಕೆ, ಹೆಬ್ಬೆರಳಿನ ಕಡೆ ಸ್ಕ್ಯಾಫಾಯ್ಡ್ ಮತ್ತು ಟ್ರೆಪೀಜಿಯಂ. ಈ ನಾಲ್ಕು ಕಂಬಗಳ ನಡುವೆ ಅಡ್ಡಲಾಗಿ ಫ್ಲೆಕ್ಸರ್ ರೆಟಿನಾಕ್ಯುಲಂ, ಅಂದರೆ ಅಂಗೈ ಕಡೆಯ ಆ ಪಟ್ಟಿ, ಕಟ್ಟಿದೆ. ಕೆಳಗೆ ಮೂಳೆ, ಮೇಲೆ ದಪ್ಪ ನಾರು. ಎರಡೂ ಹಿಗ್ಗುವುದಿಲ್ಲ. ಆ ಸುರಂಗದಲ್ಲಿ (ಇದೇ ಕಾರ್ಪಲ್ ಟನಲ್) ಹತ್ತು ವಸ್ತುಗಳು ಹೋಗಬೇಕು: ಬೆರಳು ಮಡಚುವ ಎಂಟು ಟೆಂಡನ್, ಹೆಬ್ಬೆರಳಿನ ಒಂದು, ಮತ್ತು ಮೀಡಿಯನ್ ನರ. ಟೆಂಡನ್‌ಗಳ ಸುತ್ತ ಇರುವ ಪೊರೆ ಸ್ವಲ್ಪ ಊದಿಕೊಂಡರೂ ಒತ್ತಡ ಏರುತ್ತದೆ, ಮೊದಲು ಸೋಲುವುದು ನರ. ಟೆಂಡನ್ ಒತ್ತಡ ತಡೆಯುತ್ತದೆ, ನರ ತಡೆಯುವುದಿಲ್ಲ.

ಉಂಗುರ ಬೆರಳು ಅರ್ಧ ಯಾಕೆ ಅಂದರೆ, ಅದರ ಹೆಬ್ಬೆರಳಿನ ಕಡೆಯ ಅರ್ಧ ಮೀಡಿಯನ್‌ಗೆ ಸೇರಿದ್ದು, ಇನ್ನರ್ಧ ಅಲ್ನಾರ್ ನರಕ್ಕೆ. ಅಲ್ನಾರ್ ನರ ಸುರಂಗದೊಳಗೆ ಹೋಗುವುದೇ ಇಲ್ಲ, ಪಟ್ಟಿಯ ಮೇಲಿಂದ ಹೋಗುತ್ತದೆ. ಅಂಗೈಗೆ ಏನೂ ಇಲ್ಲ ಅಂದಿರಲ್ಲ, ಅದು ಇನ್ನೂ ಮುಖ್ಯ. ಹೆಬ್ಬೆರಳಿನ ಬುಡದ ಅಂಗೈ ಚರ್ಮಕ್ಕೆ ಹೋಗುವ ಕವಲು ಮೀಡಿಯನ್‌ನದ್ದೇ. ಆದರೆ ಅದು ಮಣಿಕಟ್ಟಿನ ಮುಂಚೆಯೇ ಬೇರೆಯಾಗಿ ಪಟ್ಟಿಯ ಮೇಲೆ ಸಾಗುತ್ತದೆ. ಆ ಜಾಗವೂ ಜೋಮು ಹಿಡಿದಿದ್ದರೆ ಒತ್ತಡ ಸುರಂಗದಲ್ಲಲ್ಲ, ಇನ್ನೂ ಮೇಲೆ ಎಲ್ಲೋ ಇದೆ ಅಂತ ಅನುಮಾನ ಪಡಬೇಕು.

ಫಿಜಿಯೋ ಬೀದರ್

ಇಲ್ಲಿಂದ ಯಾರೂ ಕಾಯಿಲೆ ಹೇಳಲಾಗದು, ಆದರೆ ಲಕ್ಷಣ ಅದೇ ದಾರಿಯಲ್ಲಿದೆ. ನರದ ಕಂಡಕ್ಷನ್ ಟೆಸ್ಟ್ (ನರದಲ್ಲಿ ಸಂಕೇತ ಸರಿಯಾಗಿ ಹೋಗುತ್ತದಾ ಅಂತ ನೋಡುವುದು) ಮಾಡಿಸಿ. ಜೊತೆಗೆ ಸಕ್ಕರೆ, ಥೈರಾಯ್ಡ್ ಎರಡೂ ನೋಡಿಸಿ, ಇವೆರಡರಲ್ಲಿ ಯಾವುದರ ಕಾಯಿಲೆ ಇದ್ದವರಿಗೂ ಈ ತೊಂದರೆ ಜಾಸ್ತಿ. ರಾತ್ರಿ ಮಣಿಕಟ್ಟು ನೇರ ಇರುವ ಹಾಗೆ ಸ್ಪ್ಲಿಂಟ್ (ಆಸರೆ ಪಟ್ಟಿ) ಕಟ್ಟಿಕೊಂಡು ಮಲಗಲಿ. ನಿದ್ದೆಯಲ್ಲಿ ಕೈ ಮಡಚಿಕೊಂಡು ಮಲಗುವುದರಿಂದಲೇ ರಾತ್ರಿ ಹೆಚ್ಚಾಗುವುದು.

ಅಪ್ಪನ ಎರಡೂ ಹೆಬ್ಬೆರಳಿನ ಬುಡದ ಉಬ್ಬನ್ನು ಪಕ್ಕಪಕ್ಕ ಇಟ್ಟು ನೋಡಿ. ಒಂದು ಕಡೆ ಚಪ್ಪಟೆಯಾಗಿದ್ದರೆ, ಅಥವಾ ಬೆಳ್ಳಿ ತಂತಿ ಹಿಡಿಯುವಾಗ ಬೀಳುತ್ತಿದ್ದರೆ, ಗುಳಿಗೆ ನುಂಗುತ್ತಾ ಕಾಯಬೇಡಿ. ಒಣಗಿದ ಸ್ನಾಯು ಪೂರ್ತಿ ವಾಪಸ್ ಬರುವ ಗ್ಯಾರಂಟಿ ಇಲ್ಲ.

ಬಿದ್ರಿ ಮನೆ

ನೋಡಿದೆ. ಬಲಗಡೆ ಸ್ವಲ್ಪ ಇಳಿದಿದೆ ಅನಿಸುತ್ತಿದೆ. ಈ ವಾರವೇ ಕರೆದುಕೊಂಡು ಹೋಗುತ್ತೇನೆ. ನಮ್ಮ ಚಿಕ್ಕಪ್ಪನಿಗೆ ಉಲ್ಟಾ, ಕಿರುಬೆರಳೇ ಜೋಮು. ಅವರು ಪಾಲಿಶ್ ಕೆಲಸ, ಅಂಗೈಯ ಬುಡದಿಂದ ಒತ್ತಿ ಉಜ್ಜುತ್ತಾರೆ.

ಡಿಸೆಕ್ಷನ್ ಹಳಬ

ಅದು ಮೇಲಿನವನ ತೊಂದರೆ. ಅಲ್ನಾರ್ ನರ ಮತ್ತು ಅದರ ಜೊತೆಯ ರಕ್ತನಾಳ ಪಟ್ಟಿಯ ಮೇಲೆ, ಪಿಸಿಫಾರ್ಮ್ ಪಕ್ಕದಲ್ಲಿ ಒಂದು ಸಣ್ಣ ಕಾಲುವೆಯಲ್ಲಿ ಹೋಗುತ್ತವೆ. ಫ್ರೆಂಚ್ ಸರ್ಜನ್ ಗಿಯಾಂ 1861ರಲ್ಲಿ ಅದನ್ನು ವಿವರಿಸಿದರು. ಮೇಲಿದೆ ಅಂದ ಮೇಲೆ ಸುರಂಗದ ಒತ್ತಡ ಅದಕ್ಕೆ ತಟ್ಟುವುದಿಲ್ಲ, ಹೊರಗಿನಿಂದ ಒತ್ತಿದರೆ ತಟ್ಟುತ್ತದೆ. ಸೈಕಲ್ ತುಂಬ ಹೊಡೆಯುವವರಿಗೂ ಆಗುತ್ತದೆ. ಮೊಣಕೈಯಲ್ಲೂ ಇದೇ ನರ ಒತ್ತಿಕೊಳ್ಳಬಹುದು, ಹಾಗಾಗಿ ಅವರನ್ನೂ ತೋರಿಸಿ. ಅಲ್ಲಿಯವರೆಗೆ ಅಂಗೈ ಕೆಳಗೆ ದಪ್ಪ ಬಟ್ಟೆ ಇಟ್ಟುಕೊಳ್ಳಲಿ.

ಖಡಕ್ ರೊಟ್ಟಿ

ನಾವು ಕಲಬುರಗಿಯಲ್ಲಿ ಖಡಕ್ ರೊಟ್ಟಿ ಮಾಡಿ ಮಾರುತ್ತೇವೆ. ಎಳ್ಳ ಅಮಾವಾಸ್ಯೆ ಬಂತೆಂದರೆ ಸಜ್ಜೆ ರೊಟ್ಟಿಯ ಆರ್ಡರ್ ಬೇರೆ. ರೊಟ್ಟಿ ಬಡಿದೂ ಬಡಿದೂ ಹೆಬ್ಬೆರಳಿನ ಬುಡದಲ್ಲಿ, ಮಣಿಕಟ್ಟಿನ ಹೊರಗಡೆ ಚುಚ್ಚಿದಂತೆ ನೋವು. ಜೋಮು ಇಲ್ಲವೇ ಇಲ್ಲ. ಹಂಚು ಎತ್ತಲು ಹೋದರೆ ಜೀವ ಹೋಗುತ್ತದೆ. ಇದೂ ಅದೇ ಸುರಂಗವಾ?

ಫಿಜಿಯೋ ಬೀದರ್

ಜೋಮು ಇಲ್ಲ ಅಂದರೆ ಆ ಸುರಂಗ ಅಲ್ಲ. ಇದು ಹಿಂಬದಿಯ ಪಟ್ಟಿ ಇರಬೇಕು. ಅಲ್ಲಿ ಒಂದೇ ದೊಡ್ಡ ಸುರಂಗ ಇಲ್ಲ, ಪಟ್ಟಿಯಿಂದ ಮೂಳೆಗೆ ಗೋಡೆಗಳು ಇಳಿದು ಆರು ಕೋಣೆಗಳಾಗಿವೆ. ಹೆಬ್ಬೆರಳಿನ ಕಡೆಯ ಮೊದಲ ಕೋಣೆಯಲ್ಲಿ ಹೆಬ್ಬೆರಳನ್ನು ಹೊರಗೆ ಎಳೆಯುವ ಎರಡು ಟೆಂಡನ್‌ಗಳಿವೆ. ಹಿಟ್ಟು ನಾದುವಾಗ, ಹೆಬ್ಬೆರಳು ಅಗಲಿಸಿ ಭಾರ ಎತ್ತುವಾಗ ಅವೇ ದುಡಿಯುವುದು. ಪಟ್ಟಿ ಅಲ್ಲಿ ದಪ್ಪವಾಗಿ ಟೆಂಡನ್ ಜಾರಲು ಜಾಗ ಸಾಲದೆ ಹೋಗುತ್ತದೆ. ಸ್ವಿಟ್ಜರ್ಲೆಂಡಿನ ಡಿ ಕೆರ್ವೆನ್ ಎಂಬ ಸರ್ಜನ್ 1895ರಲ್ಲಿ ಇದನ್ನು ಬರೆದರು, ಅವರ ಹೆಸರೇ ಉಳಿದಿದೆ. ಹಸುಗೂಸು ಎತ್ತಿಕೊಳ್ಳುವ ಬಾಣಂತಿಯರಲ್ಲೂ ತುಂಬಾ ನೋಡುತ್ತೇವೆ.

ಹೆಬ್ಬೆರಳನ್ನು ಮುಷ್ಟಿಯೊಳಗೆ ಇಟ್ಟು ಕೈಯನ್ನು ಕಿರುಬೆರಳಿನ ಕಡೆ ಬಾಗಿಸಿದರೆ ಅಲ್ಲೇ ಹಿಡಿದಂತೆ ನೋವು ಬರುತ್ತದೆ. ಒಂದು ಸಲ ಮಾಡಿ ನೋಡಿ ಸಾಕು. ದಿನಾ ಮಾಡಿ ನೋಡುತ್ತಾ ಕೂತರೆ ನೋವು ಹೆಚ್ಚುತ್ತದೆ.

ಖಡಕ್ ರೊಟ್ಟಿ

ಮಾಡಿದೆ. ಕಣ್ಣಲ್ಲಿ ನೀರು ಬಂತು. ಎಣ್ಣೆ ಹಚ್ಚಿ ಗಟ್ಟಿಯಾಗಿ ತಿಕ್ಕಿಸಿಕೊಂಡರೆ ಪಟ್ಟಿ ಸಡಿಲ ಆಗುತ್ತದಾ? ಓಣಿಯಲ್ಲಿ ಎಲ್ಲರೂ ಅದನ್ನೇ ಹೇಳುತ್ತಾರೆ.

ಯಾದಗಿರಿ ರೈಡರ್

ನಮ್ಮಲ್ಲೂ ತಿಕ್ಕುವವರ ಹತ್ತಿರವೇ ಮೊದಲು ಹೋಗುವುದು. ನನಗೆ ಬೆನ್ನಿಗೆ ಗುಣವಾಗಿದೆ.

ಫಿಜಿಯೋ ಬೀದರ್

ಬೆನ್ನಿನ ಸ್ನಾಯು ಬೇರೆ, ಈ ಪಟ್ಟಿ ಬೇರೆ. ಇದು ಕಾಲಜನ್ ನಾರು, ತಿಕ್ಕಿದರೆ ಉದ್ದವಾಗುವಂಥದ್ದಲ್ಲ. ಊದಿದ ಜಾಗವನ್ನು ಗಟ್ಟಿಯಾಗಿ ತಿಕ್ಕಿದರೆ ಇನ್ನೂ ಊದುತ್ತದೆ. ಹೆಬ್ಬೆರಳು ಸೇರಿಸಿ ಹಿಡಿಯುವ ಸ್ಪ್ಲಿಂಟ್ ಹಾಕಿ, ಸ್ವಲ್ಪ ದಿನ ನಾದುವ ಕೆಲಸ ಬೇರೆಯವರಿಗೆ ಕೊಡಿ. ಹಂಚನ್ನು ಎರಡೂ ಕೈಯಲ್ಲಿ ಎತ್ತಿ. ಕಡಿಮೆಯಾಗದಿದ್ದರೆ ಒಂದು ಸ್ಟೀರಾಯ್ಡ್ ಇಂಜೆಕ್ಷನ್ ಅನೇಕರಿಗೆ ಸಾಕಾಗುತ್ತದೆ.

ಡಿಸೆಕ್ಷನ್ ಹಳಬ

ಇಂಜೆಕ್ಷನ್ ಕೆಲಸ ಮಾಡದಿದ್ದರೆ ಡಾಕ್ಟರರನ್ನು ಬೈಯುವ ಮುಂಚೆ ಒಂದು ಮಾತು. ಕೆಲವರಲ್ಲಿ ಆ ಮೊದಲ ಕೋಣೆಯೊಳಗೇ ಇನ್ನೊಂದು ಗೋಡೆ ಇರುತ್ತದೆ, ಎರಡು ಟೆಂಡನ್‌ಗಳೂ ಬೇರೆಬೇರೆ. ಔಷಧಿ ಒಂದು ಕಡೆ ಮಾತ್ರ ಹೋಗುತ್ತದೆ. ಆಪರೇಷನ್ ಮಾಡುವವರೂ ಆ ಗೋಡೆಯನ್ನು ಹುಡುಕಿ ಬಿಡಿಸಬೇಕು. ಮತ್ತೆ ಮೇಲೆ-ಕೆಳಗೆ ಇಲ್ಲೂ ಬಂತು: ಈ ಕೋಣೆಯ ಮೇಲೆಯೇ ರೇಡಿಯಲ್ ನರದ ಚರ್ಮದ ಕವಲು ಹಾಯುತ್ತದೆ. ಅದಕ್ಕೆ ಏಟು ಬಿದ್ದರೆ ನೋವು ಹೋಗಿ ಉರಿ ಬರುತ್ತದೆ.

ವಿದ್ಯಾರ್ಥಿನಿಗೆ: ಎರಡನೇ ಮತ್ತು ಮೂರನೇ ಕೋಣೆಯ ನಡುವೆ ರೇಡಿಯಸ್ ಮೇಲೆ ಲಿಸ್ಟರ್ ಗುಬ್ಬಿ ಎಂಬ ಸಣ್ಣ ಉಬ್ಬು ಇದೆ, ಬೆರಳಿಗೆ ಸಿಗುತ್ತದೆ. ಹೆಬ್ಬೆರಳು ಎತ್ತುವ ಉದ್ದ ಟೆಂಡನ್ ಅದನ್ನು ಬಳಸಿ ಓರೆಯಾಗಿ ತಿರುಗುತ್ತದೆ. ಬಿದ್ದು ರೇಡಿಯಸ್ ಮುರಿದವರಲ್ಲಿ, ಮೂಳೆ ಜರುಗದೇ ಬರೀ ಬಿರುಕು ಬಿಟ್ಟಿದ್ದರೂ, ಕೆಲವು ವಾರದ ಮೇಲೆ ಇದು ಅಲ್ಲಿ ಸವೆದು ಹರಿಯುವುದುಂಟು. ಅಂಗೈಯನ್ನು ಮೇಜಿನ ಮೇಲೆ ಬೋರಲಿಟ್ಟರೆ ಹೆಬ್ಬೆರಳು ಮೇಲೇಳುವುದಿಲ್ಲ.

ಯಾದಗಿರಿ ರೈಡರ್

ಹಾಗಾದರೆ ನನ್ನ ಕಾಲೂ ಕೇಳಿಬಿಡುತ್ತೇನೆ. ಕಬಡ್ಡಿಯಲ್ಲಿ ರೈಡ್ ಹೋದಾಗ ಪಾದ ಹಿಡಿದು ಎಳೆದರು, ನಾನೂ ಜೋರಾಗಿ ಕಿತ್ತುಕೊಂಡೆ. ಟಪ್ ಅಂತ ಶಬ್ದ ಬಂತು. ಎಲ್ಲರೂ ಉಳುಕು ಅಂದರು. ಬಾವು ಇಳಿಯಿತು. ಈಗ ಹರಡಿನ ಹೊರಗಿನ ಗುಬ್ಬಿಯ ಹಿಂದೆ ಏನೋ ಟಕ್ ಟಕ್ ಅಂತ ಗುಬ್ಬಿ ಹತ್ತಿ ಇಳಿಯುತ್ತದೆ. ಕಣ್ಣಿಗೇ ಕಾಣುತ್ತದೆ. ಟೀಮಿನವರಿಗೆ ತೋರಿಸಿ ನಗಿಸುತ್ತಿದ್ದೇನೆ.

ಫಿಜಿಯೋ ಬೀದರ್

ತೋರಿಸುವುದನ್ನು ಮೊದಲು ನಿಲ್ಲಿಸಿ! ಪ್ರತಿ ಸಲ ಜಾರಿದಾಗಲೂ ಟೆಂಡನ್ ಮೂಳೆಯ ಅಂಚಿಗೆ ಉಜ್ಜಿ ಸೀಳುತ್ತದೆ.

ಸಾಮಾನ್ಯ ಉಳುಕಿನ ನೋವು ಗುಬ್ಬಿಯ ಮುಂದೆ, ಕೆಳಗೆ ಇರುತ್ತದೆ. ನಿಮ್ಮದು ಹಿಂದೆ. ಅಲ್ಲಿ ಪೆರೋನಿಯಸ್ ಲಾಂಗಸ್, ಬ್ರೆವಿಸ್ ಅಂತ ಎರಡು ಟೆಂಡನ್ ಫಿಬುಲಾದ (ಕಾಲಿನ ಹೊರಗಡೆಯ ಮೂಳೆ) ಹಿಂದಿನ ಗೀರಿನಲ್ಲಿ ಇಳಿಯುತ್ತವೆ. ಗುಬ್ಬಿಯಿಂದ ಹಿಮ್ಮಡಿ ಮೂಳೆಗೆ ಹೋಗುವ ಮೇಲಿನ ಪೆರೋನಿಯಲ್ ರೆಟಿನಾಕ್ಯುಲಂ ಅವನ್ನು ಹಿಡಿದಿರುತ್ತದೆ. ಪಾದ ಮೇಲಕ್ಕೆ ಬಾಗಿದ್ದಾಗ ಆ ಸ್ನಾಯುಗಳು ಒಮ್ಮೆಲೇ ಬಿಗಿದರೆ ಪಟ್ಟಿ ಫಿಬುಲಾದಿಂದ ಕಿತ್ತು ಬರುತ್ತದೆ. ಕೆಲವರಲ್ಲಿ ಒಂದು ಚೂರು ಮೂಳೆಯನ್ನೂ ಕಿತ್ತುಕೊಂಡು ಬರುತ್ತದೆ, ಎಕ್ಸ್‌ರೇಯಲ್ಲಿ ಸಣ್ಣ ಚಕ್ಕೆ ಕಾಣುತ್ತದೆ. ಹಳೆಯ ಎಕ್ಸ್‌ರೇ ಇದ್ದರೆ ಹುಡುಕಿ. ಹೊಸದರಲ್ಲಿ ಪ್ಲಾಸ್ಟರ್ ಹಾಕಿ ನೋಡುತ್ತಾರೆ, ಅದು ಎಲ್ಲರಿಗೂ ಹಿಡಿಯುವುದಿಲ್ಲ. ಈಗ ಹೀಗೆ ಜಾರುತ್ತಿದ್ದರೆ ಆರ್ಥೋಪೆಡಿಕ್ ಸರ್ಜನ್ ಹತ್ತಿರ ಹೋಗಿ. ಪಟ್ಟಿ ಮತ್ತೆ ಅಂಟಿಸುತ್ತಾರೆ, ಗೀರು ಚಪ್ಪಟೆಯಾಗಿದ್ದರೆ ಆಳ ಮಾಡುತ್ತಾರೆ.

ನೋಡಿ, ಮಣಿಕಟ್ಟಿನಲ್ಲಿ ಪಟ್ಟಿ ಕತ್ತರಿಸಿದರೂ ನಡೆಯುತ್ತದೆ, ಇಲ್ಲಿ ಹರಿದರೆ ನಡೆಯುವುದಿಲ್ಲ. ಪೆರೋನಿಯಲ್ ಟೆಂಡನ್ ಗುಬ್ಬಿಯ ಮೂಲೆಯನ್ನು ಬಳಸಿ ತಿರುಗಬೇಕು, ಅದನ್ನು ಅಲ್ಲಿ ಹಿಡಿಯಲು ಬೇರೆ ಆಸರೆ ಇಲ್ಲ. ಮೂಳೆಯ ಗೀರು ಎಷ್ಟೋ ಜನರಲ್ಲಿ ಆಳವೂ ಇರುವುದಿಲ್ಲ.

ಮೊದಲ ವರ್ಷ, ಕಲಬುರಗಿ

ಈ ಹೋಲಿಕೆ ನನಗೆ ಹೊಳೆದೇ ಇರಲಿಲ್ಲ. ಹರಡಿನ ಉಳಿದ ಪಟ್ಟಿಗಳನ್ನೂ ಇದೇ ಥರ ಹೇಳಿ. ನನಗೆ ಗೊತ್ತಿರುವುದು ಬರೀ ಕ್ರಮ ನೆನಪಿಡುವ ಹಾಡು: ಟಾಮ್, ಡಿಕ್, ವೆರಿ ನರ್ವಸ್ ಹ್ಯಾರಿ.

ಡಿಸೆಕ್ಷನ್ ಹಳಬ

ಆ ಹಾಡು ಒಳಗಡೆಯದು. ಒಳಗಿನ ಗುಬ್ಬಿಯಿಂದ ಹಿಮ್ಮಡಿ ಮೂಳೆಗೆ ಹೋಗುವ ಪಟ್ಟಿಯ ಅಡಿ, ಮುಂದಿನಿಂದ ಹಿಂದಕ್ಕೆ: ಟಿಬಿಯಾಲಿಸ್ ಪೋಸ್ಟೀರಿಯರ್, ಬೆರಳು ಮಡಚುವ ಟೆಂಡನ್, ರಕ್ತನಾಳಗಳು, ಟಿಬಿಯಲ್ ನರ, ಕಡೆಗೆ ಹೆಬ್ಬೆರಳಿನದು. ಗುಬ್ಬಿ ಮತ್ತು ಹಿಮ್ಮಡಿಯ ನಡುವೆ ಬೆರಳಿಟ್ಟರೆ ನಾಡಿ ಸಿಗುತ್ತದೆ. ಸಕ್ಕರೆ ಕಾಯಿಲೆಯವರ ಪಾದ ನೋಡುವಾಗ ಅದನ್ನು ಮುಟ್ಟದೆ ಬಿಡಬಾರದು. ಕುಷ್ಠರೋಗ ಟಿಬಿಯಲ್ ನರವನ್ನು ಹಿಡಿಯುವ ಜಾಗವೂ ಇದೇ. ನರ ಊದುತ್ತದೆ, ಪಟ್ಟಿ ಸಡಿಲುವುದಿಲ್ಲ, ಅಂಗಾಲಿನ ಸ್ಪರ್ಶ ಹೋಗುತ್ತದೆ.

ಮುಂಭಾಗದಲ್ಲಿ ಎರಡು ಪಟ್ಟಿ. ಮೇಲಿನದು ಕಾಲಿನ ಎರಡು ಮೂಳೆಗಳಾದ ಟಿಬಿಯಾ-ಫಿಬುಲಾ ನಡುವೆ ಅಡ್ಡ. ಕೆಳಗಿನದು ವೈ ಆಕಾರ, ಬುಡ ಹಿಮ್ಮಡಿ ಮೂಳೆಯ ಮೇಲ್ಭಾಗದಲ್ಲಿ, ಒಂದು ಕವಲು ಒಳಗಿನ ಗುಬ್ಬಿಗೆ, ಇನ್ನೊಂದು ಪಾದದ ಒಳ ಅಂಚಿಗೆ ಇಳಿಯುತ್ತದೆ. ಡೀಪ್ ಪೆರೋನಿಯಲ್ ನರ ಅಡಿಯಲ್ಲಿ, ಸೂಪರ್‌ಫಿಶಿಯಲ್ ಪೆರೋನಿಯಲ್ ನರ ಮೇಲೆ. ಇದನ್ನು ಶೂ ಲೇಸಿನಿಂದ ನೆನಪಿಡಿ. ಪೊಲೀಸ್ ಓಟಕ್ಕೆ ತಯಾರಿ ಮಾಡುವ ಹುಡುಗರು ಲೇಸ್ ಬಿಗಿದು ಕಟ್ಟಿ ಓಡಿದಾಗ ಕಾಲಿನ ಹೆಬ್ಬೆರಳು ಮತ್ತು ಎರಡನೇ ಬೆರಳಿನ ನಡುವಿನ ಚೂರು ಜಾಗ ಮಾತ್ರ ಜೋಮು ಹಿಡಿದರೆ ಡೀಪ್ ನರ. ಪಾದದ ಮೇಲ್ಭಾಗವೆಲ್ಲ ಹಿಡಿದರೆ ಇನ್ನೊಂದು.

ಮೊದಲ ವರ್ಷ, ಕಲಬುರಗಿ

ಟೇಬಲ್ ಮೇಲೆ ಈ ವೈ ನನಗೆ ಕಾಣಲೇ ಇಲ್ಲ. ಪಟ್ಟಿಯ ಅಂಚು ಎಲ್ಲಿ ಶುರು, ಎಲ್ಲಿ ಮುಗಿಯಿತು ತಿಳಿಯುವುದಿಲ್ಲ.

ಡಿಸೆಕ್ಷನ್ ಹಳಬ

ಯಾರಿಗೂ ಕಾಣುವುದಿಲ್ಲ. ಕಾಲಿಗೆ ಸುತ್ತಿದ ಆಳದ ಫ್ಯಾಸಿಯಾ ಅಲ್ಲಿ ದಪ್ಪವಾಗಿದೆ ಅಷ್ಟೇ, ಚೊಕ್ಕ ಅಂಚು ಇರುವುದು ಚಿತ್ರದಲ್ಲಿ. ಟೇಬಲ್ ಮೇಲೆ ಅಂಚನ್ನು ಮಾಡುವುದು ನಿಮ್ಮ ಚಾಕು. ಹಾಗಾಗಿ ಮೊದಲು ಚರ್ಮ ತೆಗೆದು ಮೇಲಿನವನ್ನು ಹುಡುಕಿ: ಒಳಗಿನ ಗುಬ್ಬಿಯ ಮುಂದೆ ದೊಡ್ಡ ಸಫೀನಸ್ ಸಿರೆ, ನಡುವೆ ಸೂಪರ್‌ಫಿಶಿಯಲ್ ಪೆರೋನಿಯಲ್ ನರದ ಕವಲುಗಳು. ಅವನ್ನು ಪಕ್ಕಕ್ಕೆ ಸರಿಸಿ, ನಾರುಗಳು ಅಡ್ಡಡ್ಡ ಹೊಳೆಯುವ ಜಾಗವನ್ನು ಉಳಿಸಿ ಉಳಿದ ಫ್ಯಾಸಿಯಾ ತೆಗೆಯಿರಿ. ಆಮೇಲೆ ಕೆಳಗಿನಿಂದ ಒಂದೊಂದೇ ಟೆಂಡನ್ ಎಳೆದು ನೋಡಿ. ಪಟ್ಟಿ ಕತ್ತರಿಸುವುದು ಕೊನೆಗೆ. ನಿಮ್ಮ ಟೇಬಲ್ಲಿನಲ್ಲಿ ಯಾರಾದರೂ ಮೊದಲೇ ಕತ್ತರಿಸಿ ಬಿಟ್ಟಿದ್ದರೆ ಪಕ್ಕದ ಟೇಬಲ್ಲಿಗೆ ಹೋಗಿ.